ಅಲವಾನ: ಒಂದು ಕೆಂಪು ಸೀರೆಯ ಪೂರ್ವೋತ್ತರ

ಕೃಷ್ಣೆಯ ದಂಡೆಯ ಉಗಾರ ಬುದ್ರುಕಕ್ಕೆ ಅರ್ಧ ಹೆಸರು ಬಂದದ್ದೇ ಪಾರಸಿಯಿಂದ. ‘ಬುಜುರ್ಗ್’ ಅಂದರೆ ಹಿರಿದು, ಪಕ್ಕದೂರಿನ ‘ಖುರ್ದ’ ಅಂದರೆ ಕಿರಿದು. ಸುಲ್ತಾನರ ದಫ್ತರಗಳಿಂದ ಮರಾಠಿಗೆ, ಮರಾಠಿಯಿಂದ ಈ ಗಡಿಸೀಮೆಯ ಮನೆಗಳಿಗೆ ಇಳಿದ ಇಂಥ ಮಾತುಗಳು ನೂರಾರು. ಅವುಗಳಲ್ಲಿ ತೀರ ನೋವಿನದು ‘ಅಲವಾನ’.

ಗಂಡ ಸತ್ತ ಬ್ರಾಹ್ಮಣ ಹೆಣ್ಣಿನ ತಲೆ ಬೋಳಿಸಿ ಉಡಿಸುತ್ತಿದ್ದ ಕೆಂಪು ಸೀರೆ ಅದು. ಮರಾಠಿ ಮನೆಗಳಲ್ಲಿ ಅಲವಾನ ಅಥವಾ ಅಲವಣ, ಕನ್ನಡ ಮನೆಗಳಲ್ಲಿ ಬರೀ ‘ಕೆಂಪು ಸೀರೆ’. ಉಟ್ಟವಳು ಮಡಿ ಹೆಂಗಸು. ಕೂದಲು ಉಳಿಸಿಕೊಂಡವಳು ‘ಸಕೇಶಿ’. ಅವಳ ಕೈಯ ಅಡುಗೆ ಮಡಿಗೆ ಸಲ್ಲುತ್ತಿರಲಿಲ್ಲ.

ಅರಬ್ಬಿಯಲ್ಲಿ ‘ಲೌನ್’ ಎಂದರೆ ಬಣ್ಣ. ಅದರ ಬಹುವಚನ ‘ಅಲ್ವಾನ್’, ಬಣ್ಣಗಳು. ಹಿಂದುಸ್ತಾನಿಯಲ್ಲಿ ಅದು ಶಾಲಿನ ಉಣ್ಣೆಬಟ್ಟೆಯ ಹೆಸರಾಯಿತು, ಮರಾಠಿಯಲ್ಲಿ ಕೆಂಪು ಬಟ್ಟೆಯ ಹೆಸರಾಗಿ ವಿಧವೆಯ ಮೈಮೇಲೆ ನಿಂತಿತು. ಅರಿವೆಗೆ ಕೆಂಪು ಕಟ್ಟಲು ದಕ್ಖನ್ನಿನ ಬಣ್ಣಗಾರರು ಬಳಸುತ್ತಿದ್ದ ಬೇರಿಗೂ ‘ಆಲ್’ ಎಂದೇ ಹೆಸರು.  ಆದರೂ ಅಲವಾನ ಎಂಬ ಮಾತಿನ ಮೂಲ ಅರಬ್ಬಿಯದೇ ಎಂಬುದು ನನ್ನ ಎಣಿಕೆ. ಕೆಂಪೆಂಬ ಅರ್ಥ ಗಟ್ಟಿಯಾಗಲು ಆಲ್ ಬೇರೂ ನೆರವಾಗಿರಬೇಕು. ಬಣ್ಣಗಳೆಂಬ ಮಾತು ಒಂದು ಹೆಣ್ಣಿನಿಂದ ಉಳಿದೆಲ್ಲ ಬಣ್ಣ ಕಸಿಯುವ ಬಟ್ಟೆಗೆ ಅಂಟಿಕೊಂಡಿತಲ್ಲ, ಅದು ಕರುಳು ಹಿಂಡುತ್ತದೆ.

ಇಂಗ್ಲೆಂಡಿನ ವಿಧವೆಯರು ಕಪ್ಪು ಕ್ರೇಪ್ ತೊಡುತ್ತಿದ್ದರು. ಅದಕ್ಕೊಂದು ಅವಧಿಯಿತ್ತು, ಮುಗಿದ ಮೇಲೆ ತೆಗೆದಿಡಬಹುದಿತ್ತು. ಇಲ್ಲಿ ಹತ್ತು ವರ್ಷದ ಹುಡುಗಿ ಅಲವಾನ ಉಟ್ಟಳೆಂದರೆ ಸಾಯೋತನಕ ಅದೇ.

ವಿಧವಾ ಪುನರ್ವಿವಾಹಕ್ಕೆ ಕಾಯ್ದೆ ಬಂದದ್ದು 1856ರಲ್ಲಿ. ರೂಢಿ ಅದಕ್ಕೆ ಜಗ್ಗಲಿಲ್ಲ. 1890ರಲ್ಲಿ ಕಾರ್ಮಿಕ ನಾಯಕ ನಾರಾಯಣ ಮೇಘಾಜಿ ಲೋಖಂಡೆಯವರ ನೇತೃತ್ವದಲ್ಲಿ ಮುಂಬಯಿಯ ಕ್ಷೌರಿಕರು ವಿಧವೆಯರ ತಲೆ ಬೋಳಿಸುವುದಿಲ್ಲವೆಂದು ಕತ್ತಿ ಕೆಳಗಿಟ್ಟರು. ಶಾಸ್ತ್ರ ಓದಿದವರಿಗಿಂತ ಮೊದಲು ಅವರ ಕೈ ಹಿಂಜರಿಯಿತು ಎಂಬುದನ್ನು ನಾವು ಮರೆಯಬಾರದು. 1893ರಲ್ಲಿ ಸಮಾಜ ಸುಧಾರಕ ಧೋಂಡೋ ಕೇಶವ ಕರ್ವೆ ವಿಧವೆ ಗೋದೂಬಾಯಿಯನ್ನು ಮದುವೆಯಾದರು.

ಅಲವಾನ ಹೋಯಿತು; ಬಳೆ ಒಡೆಯುವುದು, ಕುಂಕುಮ ಅಳಿಸುವುದು ಎಷ್ಟೋ ಜಾತಿಗಳಲ್ಲಿ ಇನ್ನೂ ಉಳಿದಿದೆ. ನಮ್ಮ ಕಾಗವಾಡಕ್ಕೆ ಹತ್ತಿಕೊಂಡ, ಗಡಿಯಾಚೆಯ ಶಿರೋಳ ತಾಲ್ಲೂಕಿನ ಹೇರವಾಡ ಗ್ರಾಮ ಪಂಚಾಯಿತಿ 2022ರ ಮೇ ತಿಂಗಳಲ್ಲಿ ಇವನ್ನೆಲ್ಲ ನಿಲ್ಲಿಸುವ ಠರಾವು ಮಾಡಿತು. ಅದೇ ತಿಂಗಳು ಮಹಾರಾಷ್ಟ್ರ ಸರ್ಕಾರ ಉಳಿದ ಪಂಚಾಯಿತಿಗಳಿಗೂ ಹಾಗೇ ಮಾಡಲು ಸುತ್ತೋಲೆ ಕಳಿಸಿತು. ಗಡಿಯ ಈಚೆಗಿನ ನಮ್ಮ ಪಂಚಾಯಿತಿಗಳೂ ಮುಂದಿನ ಗ್ರಾಮಸಭೆಯಲ್ಲಿ ಇಂಥದೇ ಠರಾವು ಮಾಡಲಿ.