ಪಿಎಸ್‌ಪಿ ಅಪ್‌ಡೇಟ್: ಮೊದಲು ಬ್ಯಾಟರಿ ನೋಡಿ

ನಮ್ಮ ರೂಮಿಗೆ ಒಂದು ಹಳೇ ಪಿಎಸ್‌ಪಿ ಬಂತು. 2015ರಲ್ಲಿ ಬಂದ ಕೊನೆಯ ಆವೃತ್ತಿ 6.61 ಹಾಕೋಣ ಅಂತ ಕೂತ್ವಿ. ಅರ್ಧದಲ್ಲಿ ಯಾರೋ ಕೆಟಲ್ ಹಾಕೋಕೆ ಚಾರ್ಜರ್ ಕಿತ್ತರು (ಹಾಸ್ಟೆಲ್‌ನಲ್ಲಿ ಕೆಟಲ್ ಇಡಬಾರದು, ಅದು ಬೇರೆ ಮಾತು). ಮುದಿ ಬ್ಯಾಟರಿ ಒಂದು ನಿಮಿಷವೂ ತಡೆಯಲಿಲ್ಲ. ಈಗ ಹಸಿರು ದೀಪ ಹತ್ತುತ್ತೆ, ಪರದೆ ಮಾತ್ರ ಕಪ್ಪು.

ಸಿಸ್ಟಂ ಸಾಫ್ಟ್‌ವೇರ್ ಇರೋದು ಒಳಗಿನ ಫ್ಲ್ಯಾಶ್ ಮೆಮೊರಿಯಲ್ಲಿ. ಅಲ್ಲಿ ಹಳೆಯದರ ಮೇಲೆ ಹಾಗೇ ಬರೆಯೋಕಾಗಲ್ಲ. ಒಂದು ಬ್ಲಾಕನ್ನು ಪೂರ್ತಿ ಅಳಿಸಿ, ಆಮೇಲೆ ಬರೆಯಬೇಕು. ನಡುವೆ ಪವರ್ ಹೋದರೆ ಹಳೆಯದೂ ಇಲ್ಲ, ಹೊಸದೂ ಪೂರ್ತಿ ಇಲ್ಲ. ಆನ್ ಮಾಡಿದಾಗ ಮೊದಲು ಓದಬೇಕಾದ ಫೈಲೇ ಅರ್ಧಂಬರ್ಧ.

ಅದಕ್ಕೇ ಅಪ್‌ಡೇಟರ್ ಚಾರ್ಜರ್ ಜೊತೆಗೆ ಬ್ಯಾಟರಿಯಲ್ಲೂ ಚಾರ್ಜ್ ಕೇಳುತ್ತೆ. ಆದರೆ ಹಳೇ ಬ್ಯಾಟರಿ ತೋರಿಸೋ ಅಂಕಿಯನ್ನು ನಂಬೋ ಹಾಗಿಲ್ಲ. ಮೊದಲು ಚಾರ್ಜರ್ ಇಲ್ಲದೆ ಅರ್ಧ ಗಂಟೆ ಗೇಮ್ ಆಡಿ ನೋಡಿ. ತಡೀತಾ? ಹಾಗಾದರೆ ಫುಲ್ ಚಾರ್ಜ್ ಮಾಡಿ, ಚಾರ್ಜರ್ ಸಿಕ್ಕಿಸಿಯೇ ಶುರು ಮಾಡಿ. ಬ್ಯಾಟರಿ ಉಬ್ಬಿದ್ದರೆ ಮುಟ್ಟೋದೇ ಬೇಡ, ಬದಲಾಯಿಸಿ. ಪಿಎಸ್‌ಪಿ ಗೋಗೆ ಅಪ್‌ಡೇಟ್ ಫೈಲೇ ಬೇರೆ, ಅದನ್ನೂ ನೋಡ್ಕೊಳ್ಳಿ.

ಒಂದೇ ಸಮಾಧಾನ: ಗೇಮ್ ಸೇವ್‌ಗಳೆಲ್ಲ ಮೆಮೊರಿ ಸ್ಟಿಕ್‌ನಲ್ಲಿ ಇದ್ದವು. ಅವು ಹಾಗೇ ಉಳಿದಿವೆ.