‘ತಾಯಿ’ ಎಂದರೆ ಅಕ್ಕ, ‘ಬರ’ ಎಂದರೆ ಕ್ಷೇಮ!

ಇಂದಾಪುರ: ಪುಣೆಯಿಂದ ಸೋಲಾಪುರ ಹೆದ್ದಾರಿಯಲ್ಲಿ ಸುಮಾರು 140 ಕಿ.ಮೀ. ಸಾಗಿದರೆ ಸಿಗುವ ತಾಲೂಕು ಕೇಂದ್ರ ಇಂದಾಪುರ. ಶಿವಾಜಿ ಮಹಾರಾಜರ ಅಜ್ಜ ಮಾಲೋಜಿ ರಾಜೇ ಭೋಸಲೆಯವರ ಹೆಸರಿನೊಂದಿಗೆ ಬೆಸೆದುಕೊಂಡಿರುವ ಈ ಊರಿನ ಸುತ್ತ ಈಗ ಕಬ್ಬಿನ ಗದ್ದೆಗಳು, ಸಕ್ಕರೆ ಕಾರ್ಖಾನೆಗಳು, ಪಕ್ಕದಲ್ಲೇ ಉಜನಿ ಅಣೆಕಟ್ಟಿನ ಹಿನ್ನೀರು. ಇಲ್ಲಿಂದ ಮುಂದೆ ಭೀಮಾ ನದಿ ಪಂಢರಪುರವನ್ನು ದಾಟಿ, ವಿಜಯಪುರ, ಕಲಬುರಗಿ ಜಿಲ್ಲೆಗಳಲ್ಲಿ ಹರಿದು ಕೃಷ್ಣೆಯನ್ನು ಸೇರುತ್ತದೆ. ಅದೇ ನದಿಯ ಮೇಲಿನ ದಂಡೆಯಲ್ಲಿ ಮರಾಠಿ, ಕೆಳಗಿನ ದಂಡೆಯಲ್ಲಿ ಕನ್ನಡ. ಹೊಟೇಲು, ವ್ಯಾಪಾರ, ನೌಕರಿ ಎಂದು ಈ ಹೆದ್ದಾರಿಯ ಊರುಗಳಲ್ಲಿ ನೆಲೆ ನಿಂತ ಹೊರನಾಡ ಕನ್ನಡಿಗರು ಎರಡನ್ನೂ ಒಂದೇ ನಾಲಿಗೆಯಲ್ಲಿ ಇಟ್ಟುಕೊಂಡು ಬದುಕುವವರು.

ಪ್ರತಿ ವರ್ಷ ಆಷಾಢ ಏಕಾದಶಿಗೆ ಮುನ್ನ, ದೇಹುವಿನಿಂದ ಹೊರಟ ಸಂತ ತುಕಾರಾಮರ ಪಾಲಖಿ ಬಾರಾಮತಿಯ ಮೇಲೆ ಇಂದಾಪುರಕ್ಕೆ ಬರುತ್ತದೆ. ವಾರಕರಿಗಳ ನಡುವೆ ಕುದುರೆ ಸುತ್ತು ಓಡುವ ‘ರಿಂಗಣ’ ಇಲ್ಲಿ ನಡೆಯುತ್ತದೆ. ಈ ತುಕಾರಾಮರೇ 17ನೇ ಶತಮಾನದಲ್ಲಿ, ಕನ್ನಡ-ಮರಾಠಿಗಳ ನಡುವಿನ ಮಾತಿನ ಎಡವಟ್ಟನ್ನು ಒಂದು ಅಭಂಗದಲ್ಲಿ ತಂದಿದ್ದಾರೆ ಎಂಬುದು ನಮ್ಮಲ್ಲಿ ಅನೇಕರಿಗೆ ತಿಳಿದಿರಲಿಕ್ಕಿಲ್ಲ. ಅದರಲ್ಲಿ ಬರುವುದು ಕನ್ನಡದ ಹೆಂಡತಿ, ಮರಾಠಿ ಗಂಡ. ಒಬ್ಬರ ಉತ್ತರ ಇನ್ನೊಬ್ಬರಿಗೆ ತಲುಪುವುದಿಲ್ಲ. ಆಕೆ ತನ್ನ ಭಾಷೆಯಲ್ಲಿ ‘ಇಲ್ಲಿ ಬಾ’ ಎಂದು ಕರೆದರೆ, ಆತ ಅದನ್ನು ಬೇರೇನೋ ಎಂದು ತಿಳಿದು ಓಡಿಯೇ ಹೋಗುತ್ತಾನೆ. ‘ಭಗವಂತಾ, ನನ್ನ ಗತಿ ಹೀಗಾಗದಿರಲಿ, ನನಗೆ ಸಜ್ಜನರ ಸಂಗ ಕೊಡು’ ಎಂಬುದು ತುಕಾರಾಮರ ಬೇಡಿಕೆ.

ಬೇಡಿಕೆ ದೇವರಲ್ಲಿ, ಉದಾಹರಣೆ ಮಾತ್ರ ಮನೆಯ ಅಡುಗೆಮನೆಯದು. ಇನ್ನೊಂದು ಮಾತೂ ಇಲ್ಲಿ ಗಮನಿಸಬೇಕು. ಕೇಳುವ ಮರಾಠಿ ಜನರಿಗೆ ಆ ಎರಡು ಕನ್ನಡ ಶಬ್ದಗಳ ಅರ್ಥ ಗೊತ್ತಿದ್ದರೆ ಮಾತ್ರ ಈ ಹಾಸ್ಯ ಹಾಸ್ಯವಾಗುತ್ತದೆ. ಅಂದರೆ ಸುಮಾರು 400 ವರ್ಷಗಳ ಹಿಂದೆಯೇ ದೇಹು, ಪಂಢರಪುರದ ಹಾದಿಯಲ್ಲಿ ಕನ್ನಡ ಕಿವಿಗೆ ಬೀಳುತ್ತಿತ್ತು. ಕನ್ನಡದ ಸೊಸೆಯಂದಿರೂ ಇದ್ದರು ಎಂದುಕೊಂಡರೆ ತಪ್ಪಾಗದು.

ಗೊತ್ತಿಲ್ಲದ ಶಬ್ದ ಬಂದರೆ ಯಾರೂ ಕೇಳಿ ತಿಳಿದುಕೊಳ್ಳುತ್ತಾರೆ. ತೊಂದರೆ ಕೊಡುವುದು ಗೊತ್ತಿದೆ ಎಂದುಕೊಂಡ ಶಬ್ದ. ಮೊದಲ ಪೆಟ್ಟು ಬೀಳುವುದು ಸಂಬಂಧ ಸೂಚಿಸುವ ಮಾತುಗಳಲ್ಲೇ. ಕನ್ನಡದ ‘ತಾಯಿ’ ಹೆತ್ತವಳು. ಮರಾಠಿಯಲ್ಲಿ ಅದೇ ಉಚ್ಚಾರದ ‘ತಾಈ’ ಎಂದರೆ ಅಕ್ಕ. ಮದುವೆಯಾಗಿ ಹೊಸದಾಗಿ ಊರಿನಿಂದ ಬಂದ ಹೆಣ್ಣುಮಗಳನ್ನು ತರಕಾರಿ ಮಾರುವ ಅಜ್ಜ ‘ಕಾಯ ಪಾಹಿಜೆ ತಾಈ’ ಎಂದು ಕೇಳಿದರೆ, ‘ಈ ವಯಸ್ಸಿಗೇ ನನ್ನನ್ನು ತಾಯಿ ಎನ್ನುತ್ತಾರಲ್ಲ’ ಎಂದು ಆಕೆಗೆ ಮುಜುಗರ. ಹಾಗೆಂದು ನಮ್ಮಲ್ಲೂ ಅಪರಿಚಿತ ಹೆಂಗಸರನ್ನು ‘ಏನು ತಾಯಿ’ ಎಂದು ಗೌರವದಿಂದ ಕರೆಯುವುದಿದೆ. ಎರಡೂ ಕಡೆ ಗೌರವವೇ. ಏಣಿಯ ಮೆಟ್ಟಿಲು ಬೇರೆ, ಅಷ್ಟೇ.

‘ಆಯಿ’ಯ ಕತೆ ಇದಕ್ಕಿಂತ ಸೂಕ್ಷ್ಮ. ಮರಾಠಿಯಲ್ಲಿ ಆಈ ಎಂದರೆ ಅಮ್ಮ. ಧಾರವಾಡ ಕಡೆಯ ಅನೇಕ ಮನೆಗಳಲ್ಲಿ ಆಯಿ ಎಂದರೆ ಅಜ್ಜಿ. ಆ ಕಡೆಯ ಹುಡುಗನೊಬ್ಬ ಊರಿನಿಂದ ಫೋನು ಬಂದ ಗಾಬರಿಯಲ್ಲಿ ‘ಆಯಿ ತೀರಿಕೊಂಡಳು, ರಜೆ ಬೇಕು’ ಎಂದು ಮರಾಠಿ ಮೇಲ್ವಿಚಾರಕರ ಮುಂದೆ ನಿಂತನೆಂದುಕೊಳ್ಳಿ. ಅವರು ಪಾಪ, ಹುಡುಗನಿಗೆ ತಾಯಿಯೇ ಹೋದಳೆಂದು ಮರುಗಿ ಹದಿನೈದು ದಿನ ಬಿಡುತ್ತಾರೆ. ವರ್ಷ ಕಳೆದು ಅವನ ತಾಯಿ ಮಗನ ಮನೆಗೆ ಬಂದಾಗ, ಸುಳ್ಳುಗಾರನೆಂಬ ಹೆಸರು ಬರುವುದು ಸುಳ್ಳನ್ನೇ ಹೇಳದ ಹುಡುಗನಿಗೆ. ನಗು ಬರುವ ಸಂಗತಿಯಾದರೂ ನೌಕರಿಯ ಜಾಗದಲ್ಲಿ ನಂಬಿಕೆ ಕಳೆದುಕೊಳ್ಳುವುದು ಸಣ್ಣ ನಷ್ಟವೇನಲ್ಲ.

ಈ ವಿಷಯದಲ್ಲಿ ತುಳುನಾಡಿನಿಂದ ಬಂದವರಿಗೆ ಸ್ವಲ್ಪ ಪೂರ್ವತಯಾರಿ ಇದೆ ಎನ್ನಬೇಕು. ತುಳುವಿನಲ್ಲಿ ‘ಅಪ್ಪೆ’ ಎಂದರೆ ತಾಯಿ, ‘ಅಮ್ಮೆ’ ಎಂದರೆ ತಂದೆ. ಕನ್ನಡ ಶಾಲೆಗೆ ಕಾಲಿಟ್ಟ ದಿನವೇ ಆ ಮಗು ಅಪ್ಪ-ಅಮ್ಮ ಅದಲುಬದಲಾಗುವುದನ್ನು ನೋಡುತ್ತದೆ, ಮತ್ತು ಯಾವ ಗಲಾಟೆಯೂ ಇಲ್ಲದೆ ಎರಡನ್ನೂ ಕಲಿಯುತ್ತದೆ. ಹೊಟೇಲು ಉದ್ಯಮಕ್ಕೆ ಬಂದ ಕರಾವಳಿಯವರು ಮರಾಠಿಯನ್ನು ಬೇಗ ಹಿಡಿದರೆಂದರೆ ಈ ಅಭ್ಯಾಸವೂ ಅದಕ್ಕೊಂದು ಕಾರಣವಿರಬಹುದು.

‘ಬಾಯಿ’ ನಮಗೆ ಮುಖದಲ್ಲಿರುವ ಅಂಗ. ಮರಾಠಿಯ ‘ಬಾಈ’ ಹೆಂಗಸು. ಶಾಲೆಯಲ್ಲಿ ಶಿಕ್ಷಕಿ, ಪೇಟೆಯ ಮನೆಗಳಲ್ಲಿ ಕೆಲಸದಾಕೆ. ಮರಾಠಿ ಶಾಲೆಯ ಮಗು ಮನೆಗೆ ಬಂದು ‘ಬಾಈ ಹೊಡೆದರು’ ಎಂದರೆ, ಊರಿನಿಂದ ಬಂದ ಅಜ್ಜಿ ಮಗುವಿನ ತುಟಿ, ಹಲ್ಲು ನೋಡುತ್ತಾರೆ. ಇನ್ನು ‘ಅಣ್ಣ’. ಕನ್ನಡದಲ್ಲಿ ಒಡಹುಟ್ಟಿದ ಹಿರಿಯ. ಮಹಾರಾಷ್ಟ್ರದಲ್ಲಿ ಅಣ್ಣಾಭಾವು ಸಾಠೆ, ಅಣ್ಣಾ ಹಜಾರೆ ಎಂಬ ಹೆಸರುಗಳಲ್ಲಿರುವಂತೆ ಅದು ಗೌರವದ ಮಾತು. ಆದರೆ ಮುಂಬಯಿ, ಪುಣೆಯ ಬೀದಿಗಳಲ್ಲಿ ಅದಕ್ಕೆ ಮೂರನೆಯ ಅರ್ಥವೂ ಹುಟ್ಟಿದೆ: ಇಡ್ಲಿ-ದೋಸೆ ಮಾರುವ ದಕ್ಷಿಣದವನು, ಅವನು ಕನ್ನಡಿಗನೋ ತಮಿಳನೋ ಎಂಬ ಭೇದವಿಲ್ಲದೆ. ಗಲ್ಲಾದಲ್ಲಿ ಕುಳಿತವರನ್ನು ‘ಅಣ್ಣಾ, ಏಕ ಚಹಾ’ ಎಂದಾಗ ಅದರಲ್ಲಿ ಈ ಮೂರರಲ್ಲಿ ಯಾವುದಿದೆ ಎಂಬುದು ಹೇಳುವವರ ಸ್ವರದಿಂದಲೇ ತಿಳಿಯಬೇಕು. ಗಲ್ಲಾದವರಿಗೆ ತಿಳಿಯುತ್ತದೆ.

ಪಂಕ್ತಿಯಲ್ಲೂ ಎಡವಟ್ಟು ತಪ್ಪಿದ್ದಲ್ಲ. ಮನೆಗೆ ಬಂದ ಮರಾಠಿ ನೆರೆಯವರನ್ನು ನಾವು ಅಕ್ಕರೆಯಿಂದ ‘ಊಟ, ಊಟ’ ಎಂದು ಕರೆದರೆ ಅವರ ಕಿವಿಗೆ ಬೀಳುವುದು ‘ಊಠ್’, ಅಂದರೆ ‘ಏಳು’. ಕರೆದವರೇ ಎಬ್ಬಿಸಿ ಕಳಿಸಿದಂತೆ! ಅವರು ಬಡಿಸುವಾಗ ಮಾಡುವುದು ‘ಆಗ್ರಹ’, ಎಂದರೆ ‘ಇನ್ನೊಂದು ಪೂರಣ ಪೋಳಿ ಹಾಕಿಸಿಕೊಳ್ಳಲೇಬೇಕು’ ಎಂಬ ಪ್ರೀತಿಯ ಒತ್ತಾಯ. ಮರಾಠಿ ಮದುವೆ ಕಾಗದಗಳಲ್ಲಿ ‘ಆಗ್ರಹಾಚೆ ನಿಮಂತ್ರಣ’ ಎಂದು ಅಚ್ಚಾಗಿರುವುದನ್ನು ನೋಡಿರಬಹುದು. ಕನ್ನಡ ಪತ್ರಿಕೆಗಳಲ್ಲಿ ಆಗ್ರಹ ಕಾಣುವುದು ‘ರಸ್ತೆ ದುರಸ್ತಿಗೆ ಆಗ್ರಹ’, ‘ರಾಜೀನಾಮೆಗೆ ಆಗ್ರಹ’ ಎಂಬ ತಲೆಬರಹಗಳಲ್ಲಿ. ಸಂಘಗಳ ವಾರ್ಷಿಕೋತ್ಸವಕ್ಕೆ ಎರಡೂ ಭಾಷೆಯಲ್ಲಿ ಆಮಂತ್ರಣ ಅಚ್ಚು ಹಾಕಿಸುವವರು ಈ ಒಂದು ಶಬ್ದವನ್ನು ನೇರವಾಗಿ ಎತ್ತಿ ಕನ್ನಡಕ್ಕೆ ಇಡದಿರುವುದು ಕ್ಷೇಮ. ಸಂಗೀತ ಬಲ್ಲವರ ನಡುವೆ ‘ರಾಗ’ದ ವಿನೋದವೂ ಇದೆ. ‘ತುಲಾ ರಾಗ ಆಲಾ ಕಾ’ ಎಂದು ಮರಾಠಿಯವರು ಕೇಳಿದರೆ ‘ಸಿಟ್ಟು ಬಂತೇ’ ಎಂದರ್ಥ. ‘ಹೂಂ, ಯಮನ್ ಬರುತ್ತದೆ, ಭೈರವಿ ಬರುತ್ತದೆ’ ಎಂದು ಉತ್ತರಿಸಬಾರದು.

ಹಿನ್ನೀರಿನ ದಂಡೆಯ ಭಿಗವಣ ಮೀನಿಗೂ, ಚಳಿಗಾಲದಲ್ಲಿ ಬರುವ ರಾಜಹಂಸಗಳಿಗೂ ಹೆಸರಾದ ಊರು. ಅಲ್ಲಿ ‘ಕೋಳಿ’ ಎಂದರೆ ಮೀನು ಹಿಡಿಯುವ ಸಮುದಾಯ. ಅದೇ ಶಬ್ದಕ್ಕೆ ಮರಾಠಿಯಲ್ಲಿ ಜೇಡ ಎಂಬ ಅರ್ಥವೂ ಉಂಟು. ನಮ್ಮ ಕೋಳಿ ನೆನಪಾಗಿ ಅಲ್ಲಿ ನಕ್ಕರೆ ಎದುರಿನವರಿಗೆ ನೋವಾಗುತ್ತದೆ. ಹೊಸಬರಿಗೆ ಹಳಬರು ಮೊದಲೇ ಹೇಳಿಡಬೇಕಾದ ಮಾತಿದು.

ಇನ್ನು ‘ಬರ’. ಮರಾಠಿಯಲ್ಲಿ ‘ಬರಂ’ ಎಂದರೆ ಸರಿ, ಒಳ್ಳೆಯದು. ‘ಸಗಳಂ ಬರಂ ಆಹೆ’ ಎಂದರೆ ಎಲ್ಲ ಕ್ಷೇಮ. ಕನ್ನಡದ ಕಿವಿಗೆ ಎಲ್ಲ ಕಡೆ ಬರಗಾಲ! ಬೇರೆ ಊರಿನಲ್ಲಿ ಇದು ಬರೀ ತಮಾಷೆಯಾಗಿ ಉಳಿಯುತ್ತಿತ್ತು. ಆದರೆ ಇದು ಮಳೆ ಕಡಿಮೆ ಬೀಳುವ ಸೀಮೆ. 1972ರ ಭೀಕರ ಬರವನ್ನು ಮಹಾರಾಷ್ಟ್ರದ ಹಿರಿಯರು ಇಂದಿಗೂ ವರ್ಷದ ಹೆಸರಿನಿಂದಲೇ ನೆನೆಯುತ್ತಾರೆ. ಉಜನಿ ಅಣೆಕಟ್ಟು 1980ರಲ್ಲಿ ಪೂರ್ಣಗೊಂಡಿತು. ಸುಮಾರು 117 ಟಿಎಂಸಿ ನೀರು ಹಿಡಿಯುವ ಜಲಾಶಯ. ಕೆಲವು ಬೇಸಿಗೆಗಳಲ್ಲಿ ಅದು ಎಷ್ಟು ಬತ್ತುತ್ತದೆಂದರೆ, ಮುಳುಗಡೆಯಾದ ಪಳಸದೇವದ ಹಳೆಯ ದೇವಾಲಯ ನೀರಿನಿಂದ ಮೇಲೆ ಬರುತ್ತದೆ. ಅಂಥ ಬೇಸಿಗೆಯಲ್ಲೂ ಇಲ್ಲಿನ ರೈತ ಕ್ಷೇಮ ವಿಚಾರಿಸಿದವರಿಗೆ ‘ಬರಂ ಆಹೆ’ ಎಂದೇ ಹೇಳುತ್ತಾನೆ. ಕನ್ನಡಿಗನ ತಪ್ಪು ಅರ್ಥವೇ ಆಗ ನಿಜಕ್ಕೆ ಹತ್ತಿರ.

‘ಕಷ್ಟ’ವೂ ಹಾಗೆಯೇ. ಮರಾಠಿಯಲ್ಲಿ ಕಷ್ಟ ಎಂದರೆ ಮುಖ್ಯವಾಗಿ ದುಡಿಮೆ; ‘ಕಷ್ಟಕರೀ’ ಎಂದರೆ ಶ್ರಮಜೀವಿ. ‘ಫಾರ ಕಷ್ಟ ಕೇಲೇ’ ಎಂದು ನೆರೆಯವರು ಹೊಟೇಲಿಗರೊಬ್ಬರನ್ನು ಹೊಗಳಿದಾಗ, ಅದು ಬಡತನದ ಬಗ್ಗೆ ತೋರಿದ ಕನಿಕರವಲ್ಲ, ‘ಬಹಳ ದುಡಿದರು’ ಎಂಬ ಮೆಚ್ಚುಗೆ. ಬೆಳಗಿನ ಜಾವ ಎದ್ದು ಹಿಟ್ಟು ರುಬ್ಬಿ, ಲೋಟ ತೊಳೆದು, ರಾತ್ರಿ ಶಾಲೆಯಲ್ಲಿ ಓದಿದ ತಲೆಮಾರಿಗೆ ಎರಡೂ ಅರ್ಥ ಒಪ್ಪುತ್ತದೆ.

ಶಬ್ದ ಕೈಕೊಟ್ಟರೆ ಹಣವೂ ಕೈತಪ್ಪುವ ಜಾಗ ಇನ್ನೊಂದಿದೆ, ಕಂದಾಯ ಕಚೇರಿ. ಕರ್ನಾಟಕದಲ್ಲಿ ‘ಪಹಣಿ’ ಎಂದರೆ ಜಮೀನಿನ ದಾಖಲೆ ಪತ್ರ. ಮರಾಠಿಯಲ್ಲಿ ‘ಪಾಹಣೆ’ ಎಂದರೆ ನೋಡುವುದು, ‘ಪಾಹಣೀ’ ಎಂದರೆ ಪರಿಶೀಲನೆ. ಇಲ್ಲಿ ನಮ್ಮ ಪಹಣಿಗೆ ಸಮಾನವಾದದ್ದು 7 ಮತ್ತು 12ನೇ ನಮೂನೆಗಳು ಸೇರಿದ ‘ಸಾತಬಾರಾ ಉತಾರಾ’. 7ರಲ್ಲಿ ಹಕ್ಕು, 12ರಲ್ಲಿ ಬೆಳೆ. 1956ರ ತನಕ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಬೆಳಗಾವಿ, ಧಾರವಾಡ ಕಡೆಯವರಿಗೆ ‘ಉತಾರ’ ಹೊಸದಲ್ಲ. ಹಳೆ ಮೈಸೂರು, ಕರಾವಳಿಯವರಿಗೆ ಹೊಸದು. ಮಹಾರಾಷ್ಟ್ರ ಸರಕಾರ 2021ರಲ್ಲಿ ‘ಈ-ಪೀಕ ಪಾಹಣೀ’ ಆರಂಭಿಸಿತು. ರೈತನೇ ಮೊಬೈಲಿನಲ್ಲಿ ತನ್ನ ಬೆಳೆಯ ಫೋಟೋ ತೆಗೆದು ದಾಖಲಿಸುವ ವ್ಯವಸ್ಥೆ ಅದು. ಇಲ್ಲಿ ಜಮೀನು ನೋಡಿಕೊಳ್ಳುವ ಕನ್ನಡಿಗರನ್ನು ತಲಾಠಿ ‘ಪಾಹಣೀ ಝಾಲೀ ಕಾ’ ಎಂದು ಕೇಳಿದರೆ, ‘ಪಹಣಿ ಇದೆ, ಮನೆಯ ಪೆಟ್ಟಿಗೆಯಲ್ಲಿದೆ’ ಎಂದು ನೆಮ್ಮದಿಯಾಗಿ ಕೂರುವಂತಿಲ್ಲ. ಅವರು ಕೇಳುತ್ತಿರುವುದು ಕಾಗದವನ್ನಲ್ಲ, ಈ ಹಂಗಾಮಿನ ಬೆಳೆ ನೋಂದಾಯಿತೇ ಎಂದು. ಅವಧಿ ಮುಗಿದ ಮೇಲೆ ಬೆಳೆಯ ಕಲಂ ಖಾಲಿ ಉಳಿದರೆ, ಅತಿವೃಷ್ಟಿಯ ಪರಿಹಾರಕ್ಕೋ ವಿಮೆಗೋ ಓಡಾಡುವಾಗ ಗೊತ್ತಾಗುತ್ತದೆ, ಒಂದು ಶಬ್ದಕ್ಕೆ ಎಷ್ಟು ಬೆಲೆ ತೆರಬೇಕಾಯಿತೆಂದು.

ಕೊನೆಗೆ ನಮ್ಮದೇ ಹೆಸರಿನ ಮಾತು. ಜ್ಞಾನೇಶ್ವರರ ಹೆಸರಿನಲ್ಲಿ ಪ್ರಸಿದ್ಧವಾದ ಒಂದು ಅಭಂಗ ಪಂಢರಪುರದ ವಿಠ್ಠಲನನ್ನು ‘ಕಾನಡಾ’ ಎನ್ನುತ್ತದೆ. ಮರಾಠಿಯಲ್ಲಿ ಕಾನಡಾ, ಕಾನಡೀ ಎಂದರೆ ಕನ್ನಡದವನು, ಕನ್ನಡ ಭಾಷೆ. ಆದರೆ ಆ ಅಭಂಗದ ಕಾನಡಾ ಎಂದರೆ ‘ತಿಳಿಯಲಾಗದವನು, ಅಗಮ್ಯ’ ಎಂದು ಅರ್ಥ ಹೇಳುವವರೂ ಇದ್ದಾರೆ. ಅರ್ಥವಾಗದ ಭಾಷೆಯ ಹೆಸರು ಅರ್ಥವಾಗದ್ದಕ್ಕೆಲ್ಲ ಹೆಸರಾಗುವುದು ಲೋಕದಲ್ಲಿ ನಡೆದೇ ಇದೆ. ಇಂಗ್ಲಿಷರು ತಿಳಿಯದ ಮಾತನ್ನು ಗ್ರೀಕ್ ಎನ್ನುವಂತೆ. ಪುಣೆಯ ಹಿರಿಯ ಸಂಶೋಧಕ ರಾ. ಚಿಂ. ಢೇರೆ ಅವರು 1984ರ ‘ಶ್ರೀವಿಠ್ಠಲ: ಏಕ ಮಹಾಸಮನ್ವಯ’ ಗ್ರಂಥದಲ್ಲಿ ವಿಠ್ಠಲನ ಕರ್ನಾಟಕ ಸಂಬಂಧವನ್ನು ವಿಸ್ತಾರವಾಗಿ ತೋರಿಸಿದರು. ಅವರು ಮರಾಠಿಗರು, ಪುಣೆಯಲ್ಲೇ ಬಾಳಿದವರು. ಈ ಮಾತನ್ನು ಹೇಳಲು ಅವರು ಹಿಂಜರಿಯಲಿಲ್ಲ ಎಂಬುದನ್ನು ನಮ್ಮವರು ನೆನೆಯಬೇಕು. ಸಂಗೀತದಲ್ಲಂತೂ ಕಾನಡಾ ಒಂದು ರಾಗ ಪ್ರಕಾರದ ಹೆಸರು. ಗದಗಿನಲ್ಲಿ 1922ರಲ್ಲಿ ಹುಟ್ಟಿ, ಪುಣೆಯಲ್ಲಿ ನೆಲೆಸಿ, ಮರಾಠಿ ಅಭಂಗವನ್ನೂ ಕನ್ನಡದ ದಾಸರ ಪದವನ್ನೂ ಹಾಡಿದ ಪಂ. ಭೀಮಸೇನ ಜೋಶಿಯವರ ದರಬಾರಿ ಕಾನಡಾ ಕೇಳಿದವರು ಅದನ್ನು ಅಗಮ್ಯ ಎಂದರೆ ಯಾರೂ ಜಗಳಕ್ಕೆ ಬರಲಾರರು.

ಪಾಲಖಿ ಬಂದ ದಿನಗಳಲ್ಲಿ ಇಂದಾಪುರದ ಪೇಟೆಯಲ್ಲಿ ಕರೆಯುವ ಮಾತೇ ಬದಲಾಗುತ್ತದೆ. ವಾರಕರಿಗಳು ಒಬ್ಬರನ್ನೊಬ್ಬರು, ಗಂಡಸಾಗಲಿ ಹೆಂಗಸಾಗಲಿ, ‘ಮಾವುಲಿ’ ಎನ್ನುತ್ತಾರೆ. ಅದರ ಅರ್ಥ ತಾಯಿ. ಅಕ್ಕನಲ್ಲ, ಅಜ್ಜಿಯಲ್ಲ, ನಮ್ಮ ಅರ್ಥದ ತಾಯಿಯೇ. ಗಲ್ಲಾದಲ್ಲಿ ಕುಳಿತವರೂ ಆ ಎರಡು ದಿನ ಅಣ್ಣಾ ಅಲ್ಲ. ‘ಮಾವುಲೀ, ದೋನ ಚಹಾ ದ್ಯಾ’ ಎಂದು ತಾಳ ಹಿಡಿದವರು ಬಾಗಿಲಲ್ಲಿ ನಿಂತರೆ, ಒಳಗಿನಿಂದ ‘ಬಂತು ಮಾವುಲಿ’ ಎಂಬ ಉತ್ತರ ಕನ್ನಡದಲ್ಲೇ ಹೋದರೂ ಚಹಾ ಸರಿಯಾದ ಮೇಜಿಗೇ ತಲುಪುತ್ತದೆ.