ಬಸವ ಮೊಟ್ಟೆ ಇಟ್ಟ ಕಥೆ

ಮೂರನೇ ಸೆಮಿಸ್ಟರಿನ ಇಂಟರ್ನಲ್ಸ್ ಹಿಂದಿನ ರಾತ್ರಿ. ಒಂದೂವರೆ ಗಂಟೆಗೆ ನೀರು ಕುಡಿಯಲು ಎದ್ದವನು ಟೇಬಲ್ ಮೇಲಿದ್ದ ಅಕ್ವೇರಿಯಂ ಕಡೆ ನೋಡಿದೆ. ನಮ್ಮ ಬಸವ ನೀರು ಬಿಟ್ಟು ಪೂರ್ತಿ ಹೊರಗೆ ಬಂದು ಮುಚ್ಚಳದ ಹತ್ತಿರ ಗಾಜಿಗೆ ಅಂಟಿಕೊಂಡಿದ್ದ. ಓಡಿಹೋಗುವ ಪ್ಲಾನ್ ಇರಬೇಕು ಅಂದುಕೊಂಡು ಮೊಬೈಲ್ ಟಾರ್ಚ್ ಬಿಟ್ಟೆ. ಅವನ ಪಕ್ಕದಲ್ಲಿ ತಿಳಿ ಗುಲಾಬಿ ಬಣ್ಣದ, ಸಾಬೂದಾನಿ ಅಂಟಿಸಿಟ್ಟಂಥ ಸಣ್ಣ ಗೊಂಚಲು. ಬಸವ ಮೊಟ್ಟೆ ಇಡುತ್ತಿದ್ದ!

ರೂಮ್‌ಮೇಟ್‌ನನ್ನು ಎಬ್ಬಿಸಿದೆ. ಅವನು ಕಣ್ಣು ಉಜ್ಜಿಕೊಂಡು ನೋಡಿ, 'ಅಲ್ಲ ಮಾರಾಯ, ಇರೋದೇ ಒಂದು. ಅದೂ ಗಂಡು ಅಂದಿದ್ದೆಯಲ್ಲ?' ಎಂದ. ಹೌದು, ಹಾಗೆಂದು ಹೆಸರಿಟ್ಟಿದ್ದು ನಾನೇ. ಬಸವನಹುಳು ಎಂದ ಮೇಲೆ ಬಸವ ಅಲ್ಲದೆ ಇನ್ನೇನು? ಅವತ್ತು ರಾತ್ರಿಯೇ ನಾಮಕರಣ ಬದಲಾಯಿತು. ಚಿಪ್ಪು ಹೊಂಬಣ್ಣದ್ದು, ಹಾಗಾಗಿ ಬಂಗಾರಮ್ಮ.

ಅಂಗಡಿಗಳಲ್ಲಿ ಇವಕ್ಕೆ 'ಮಿಸ್ಟರಿ ಸ್ನೇಲ್' ಎನ್ನುತ್ತಾರೆ. ಮೂಲ ದಕ್ಷಿಣ ಅಮೆರಿಕ. ಇವುಗಳಲ್ಲಿ ಗಂಡು ಹೆಣ್ಣು ಬೇರೆ ಬೇರೆ, ಆದರೆ ಹೊರಗಿನಿಂದ ನೋಡಿ ಹೇಳುವುದು ಕಷ್ಟ. ಒಂದು ಸಲ ಕೂಡಿದ ಹೆಣ್ಣು ಗಂಡಿನ ವೀರ್ಯವನ್ನು ತಿಂಗಳುಗಟ್ಟಲೆ ಒಳಗೇ ಕಾಪಿಟ್ಟುಕೊಂಡು, ಬೇಕಾದಾಗ ಮೊಟ್ಟೆ ಇಡಬಲ್ಲದು. ಬಂಗಾರಮ್ಮ ಅಂಗಡಿಯ ತೊಟ್ಟಿಯಿಂದಲೇ ಸಂಸಾರ ಕಟ್ಟಿಕೊಂಡು ಬಂದಿದ್ದಳು. ನನಗೆ ಗೊತ್ತಾಗಲು ಎರಡು ತಿಂಗಳು ಬೇಕಾಯಿತು, ಅಷ್ಟೇ.

ಅವಳಿಗಿಂತ ಮೊದಲು ತಂದ ಎರಡು ಹುಳುಗಳನ್ನು ನಾನೇ ಕೊಂದಿದ್ದೆ. ಬೇಕೆಂದು ಅಲ್ಲ. ಮೀನಿನ ಮೈಮೇಲೆ ಬಿಳಿ ಚುಕ್ಕೆ ರೋಗ ಬಂದಿತ್ತು. ಔಷಧಿ ತಂದು ಬಾಟಲಿಯ ಮೇಲೆ ಬರೆದಷ್ಟೇ ಹನಿ ಹಾಕಿದೆ. ಮೀನು ಚೇತರಿಸಿಕೊಂಡವು. ಬಸವನಹುಳುಗಳು ಮಾತ್ರ ಚಿಪ್ಪಿನೊಳಗೆ ಸೇರಿಕೊಂಡು ಬಾಗಿಲು ಹಾಕಿದವು. ಮೂರನೇ ದಿನ ತೊಟ್ಟಿಯಿಂದ ಕೊಳೆತ ವಾಸನೆ. ರೂಮ್‌ಮೇಟ್ ಸಾಗರದ ಕಡೆಯವನು, ಮನೆಯಲ್ಲಿ ಅಡಿಕೆ ತೋಟ. ಬಾಟಲಿಯ ಸಣ್ಣ ಅಕ್ಷರ ಓದಿ, 'ಕಾಪರ್ ಸಲ್ಫೇಟ್ ಅಂತಿದೆ. ಇದು ಮೈಲುತುತ್ತ ಅಲ್ವಾ?' ಎಂದ. ಅಡಿಕೆಗೆ ಕೊಳೆ ಬರದಿರಲೆಂದು ಬೋರ್ಡೋ ದ್ರಾವಣಕ್ಕೆ ಸುಣ್ಣದ ಜತೆ ಬೆರೆಸುವ ಅದೇ ಮೈಲುತುತ್ತ. ತಾಮ್ರ ಬಸವನಹುಳುಗಳಿಗೆ ವಿಷ. ಅವುಗಳನ್ನು ಕೊಲ್ಲಲೆಂದೇ ಕಾಪರ್ ಸಲ್ಫೇಟ್ ಬಳಸುವುದೂ ಉಂಟು. ತೊಟ್ಟಿಯಲ್ಲಿ ಹುಳು ಇದೆ ಎಂದು ಅಂಗಡಿಯಲ್ಲಿ ನಾನು ಹೇಳಿರಲಿಲ್ಲ, ಅವರೂ ಕೇಳಲಿಲ್ಲ. ಆಮೇಲೆ ಯಾವ ಬಾಟಲಿ ಕೊಂಡರೂ ಮೊದಲು ಸಣ್ಣ ಅಕ್ಷರ ಓದುವ ಅಭ್ಯಾಸವಾಯಿತು.

ನೀರಿನ ಪಾಠ ಕಲಿತದ್ದೂ ಆಗಲೇ. ಬೆಂಗಳೂರಿನ ಹೊರವಲಯದ ನಮ್ಮ ರೂಮಿಗೆ ಬರುವುದು ಬೋರ್‌ವೆಲ್ ನೀರು. ಕಾಯಿಸಿದ ಪಾತ್ರೆಯ ತಳದಲ್ಲಿ ಬಿಳಿ ಪದರ ಕಟ್ಟುತ್ತದೆ, ತಲೆಗೂದಲು ಉದುರಿದರೂ ನಾವೆಲ್ಲ ಬೈಯುವುದು ಆ ನೀರನ್ನೇ. ಬಸವನಹುಳುವಿಗೆ ಮಾತ್ರ ಅದು ಅಮೃತ. ಅದರ ಚಿಪ್ಪು ಕ್ಯಾಲ್ಸಿಯಂ ಕಾರ್ಬೊನೇಟ್. ಗಡಸು ನೀರಿನಲ್ಲಿ ಕ್ಯಾಲ್ಸಿಯಂ ಧಾರಾಳ. ನೀರಿನ ಪಿಎಚ್ 7ಕ್ಕಿಂತ ಕೆಳಗಿಳಿದು ಆಮ್ಲೀಯವಾದರೆ ಚಿಪ್ಪು ನಿಧಾನವಾಗಿ ಕರಗತೊಡಗುತ್ತದೆ. ರೂಮ್‌ಮೇಟ್ ಮುಂದೆ ಊರಿಗೆ ನಾಲ್ಕು ಮರಿ ಒಯ್ದ. ಅವರ ಮನೆಯ ಬಾವಿ ನೀರು ಮೆದು. ಎರಡು ತಿಂಗಳಲ್ಲಿ ಚಿಪ್ಪಿನ ಮೇಲೆ ಬಿಳಿ ಗುಳಿಗಳು ಬಿದ್ದವು. ಕೋಳಿಮೊಟ್ಟೆಯ ಸಿಪ್ಪೆ ಕುದಿಸಿ, ಒಣಗಿಸಿ, ಪುಡಿ ಮಾಡಿ ಹಾಕಲು ಹೇಳಿದೆ. ಪಂಜರದ ಹಕ್ಕಿಗಳಿಗೆ ಕೊಡುವ ಕಡಲ ನೊರೆಯ ತುಂಡನ್ನೂ ನೀರಿಗೆ ಬಿಟ್ಟ. ಹಳೆಯ ಗುಳಿ ಹೋಗಲಿಲ್ಲ, ಆದರೆ ಹೊಸದಾಗಿ ಬೆಳೆದ ಚಿಪ್ಪು ನುಣುಪಾಗಿತ್ತು.

ಮೊಟ್ಟೆಯ ವಿಷಯಕ್ಕೆ ಬರುತ್ತೇನೆ. ಇಟ್ಟಾಗ ಆ ಗೊಂಚಲು ಜೆಲ್ಲಿಯಷ್ಟು ಮೆತ್ತಗೆ, ಮುಟ್ಟಬಾರದು. ಒಂದು ದಿನ ಕಳೆದ ಮೇಲೆ ಗಟ್ಟಿಯಾಗುತ್ತದೆ. ನೀರಿನ ಮೇಲೆ ಇಡುವುದು ಮೀನುಗಳ ಬಾಯಿಗೆ ಸಿಗದಿರಲೆಂದು. ಹಾಗಾಗಿ ತೊಟ್ಟಿಯನ್ನು ಅಂಚಿನವರೆಗೆ ತುಂಬಿಸದೆ ಮೇಲೆ ನಾಲ್ಕು ಬೆರಳಷ್ಟು ಜಾಗ ಬಿಡಬೇಕು. ಮುಚ್ಚಳವೂ ಬೇಕು, ಇಲ್ಲದಿದ್ದರೆ ತಾಯಿ ಟೇಬಲ್ ಇಳಿದು ಹೊರಟೇಬಿಡುತ್ತಾಳೆ. ಗೊಂಚಲು ನೀರಿನಲ್ಲಿ ಮುಳುಗಿದರೆ ಒಳಗಿನ ಮರಿ ಸಾಯುತ್ತದೆ, ಪೂರ್ತಿ ಒಣಗಿದರೂ ಸಾಯುತ್ತದೆ. ತೇವವಿರಬೇಕು, ಒದ್ದೆಯಾಗಬಾರದು. ಇಂಟರ್ನಲ್ಸ್‌ಗೆ ಓದುವುದಕ್ಕಿಂತ ಹೆಚ್ಚು ಶ್ರದ್ಧೆಯಿಂದ ದಿನಾ ಬೆಳಿಗ್ಗೆ ಅದನ್ನು ನೋಡುತ್ತಿದ್ದೆ. ಗುಲಾಬಿ ಬಣ್ಣ ಮಾಸಿ ಬೂದಿಯಾಯಿತು. 22ನೇ ದಿನ ಕಾಲೇಜಿನಿಂದ ಬಂದಾಗ ಗೊಂಚಲು ಕುಸಿದಿತ್ತು, ಗಾಜಿನ ತುಂಬ ಸಾಸಿವೆಗಾತ್ರದ ಚುಕ್ಕೆಗಳು. ಒಂದೊಂದೂ ಚಿಪ್ಪು, ಕೊಂಬು ಎಲ್ಲ ಇರುವ ಪೂರ್ತಿ ಬಸವನಹುಳು! ಫೋಟೊ ತೆಗೆದು ದೊಡ್ಡದು ಮಾಡಿ ಎಣಿಸಿದೆ. 118.

ಮೊದಲ ರಾತ್ರಿಯೇ ಕೆಲವು ಫಿಲ್ಟರಿನೊಳಗೆ ಎಳೆದುಹೋದವು. ಮರುದಿನ ಸ್ಪಂಜ್ ಫಿಲ್ಟರ್ ತಂದೆ. ಅದು ಮರಿಗಳನ್ನು ಎಳೆಯುವುದಿಲ್ಲ, ಮೇಲೆ ಕಟ್ಟುವ ಪಾಚಿ ಅವಕ್ಕೆ ಊಟವೂ ಆಗುತ್ತದೆ. ಬೇಯಿಸಿದ ಪಾಲಕ್, ತೆಳ್ಳಗೆ ಕೊಯ್ದ ಸೌತೆಕಾಯಿ, ಸ್ವಲ್ಪ ಮೀನಿನ ಆಹಾರ. ಸೊಪ್ಪನ್ನು ನಾಲ್ಕು ಸಲ ತೊಳೆಯಬೇಕು, ಅಂಟಿದ ಕೀಟನಾಶಕ ನಮಗಿಂತ ಮೊದಲು ಅವನ್ನು ಕೊಲ್ಲುತ್ತದೆ. ತಿಂದು ಬಿಟ್ಟದ್ದನ್ನು ಅಂದೇ ತೆಗೆಯಬೇಕು. ಅದು ಕೊಳೆತರೆ ಅಮೋನಿಯಾ ಏರುತ್ತದೆ. ವಾರಕ್ಕೊಮ್ಮೆ ಕಾಲುಭಾಗ ನೀರು ಬದಲಾಯಿಸುತ್ತಿದ್ದೆ. ನಲ್ಲಿ ನೀರು ಬಳಸುವವರು ಅದರ ಕ್ಲೋರಿನ್ ಹೋಗುವಂತೆ ನೋಡಿಕೊಳ್ಳಬೇಕು.

ತಿಂಗಳೊಳಗೆ ಸಾಸಿವೆ ಬಟಾಣಿಯಾಯಿತು. 118 ಬಟಾಣಿಗಳು ತಿಂದು ಹಾಕುವ ಹಿಕ್ಕೆಗೆ ಎರಡಡಿ ತೊಟ್ಟಿ ಯಾವ ಲೆಕ್ಕ? ನೀರು ಮಬ್ಬಾಗತೊಡಗಿತು. ಅಷ್ಟರಲ್ಲಿ ಬಂಗಾರಮ್ಮ ಇನ್ನೊಂದು ಗೊಂಚಲು ಇಟ್ಟಳು. ಅಂಗಡಿಯವರು 30 ತೆಗೆದುಕೊಂಡರು, ಕ್ಲಾಸಿನಲ್ಲಿ ಅಕ್ವೇರಿಯಂ ಇದ್ದವರಿಗೆ ಒಂದಿಷ್ಟು ಹಂಚಿದೆ. ಇನ್ನೂ ಎಪ್ಪತ್ತರ ಮೇಲೆ ಉಳಿದವು. ಸೆಮಿಸ್ಟರ್ ಮುಗಿದು ರೂಮ್ ಖಾಲಿಯಾಗುವ ಹೊತ್ತು. ಎಲ್ಲರದೂ ಒಂದೇ ಸಲಹೆ: 'ಯಾವುದಾದ್ರೂ ಕೆರೆಗೆ ಬಿಟ್ಟುಬಿಡು. ಪುಣ್ಯ ಬರುತ್ತೆ.'

ನನಗೂ ಅದೇ ಸರಿ ಅನ್ನಿಸಿತ್ತು. ಹಳೆಯ ಪೇಂಟ್ ಬಕೆಟ್‌ಗೆ ನೀರು ಹಾಕಿ, ಮುಚ್ಚಳಕ್ಕೆ ತೂತು ಹೊಡೆದು, ಸಂಕ್ರಾಂತಿಗೆ ರೈಲಿನಲ್ಲಿ ದಾವಣಗೆರೆಗೆ ಹೊರಟೆ. ನಮ್ಮ ಹೊಲ ಭದ್ರಾ ನಾಲೆಯ ಪಕ್ಕ. ಬೇಸಿಗೆ ಬೆಳೆಗೆಂದು ನೀರು ಬಿಟ್ಟಿದ್ದರು, ನಾಲೆ ತುಂಬಿ ಹರಿಯುತ್ತಿತ್ತು. ಮರುದಿನ ಬೆಳಿಗ್ಗೆ ಬಕೆಟ್ ಹಿಡಿದು ನಾಲೆಯ ದಂಡೆಗೆ ಹೋದೆ. ಮುಚ್ಚಳ ತೆಗೆದು ಬಗ್ಗಿಸಿದ್ದೆ. ಅರ್ಧ ನೀರು ಚೆಲ್ಲಿತ್ತು. ಆಗ ಸಸಿಮಡಿ ನೋಡಲು ಬಂದ ಅಪ್ಪ ಹಿಂದಿನಿಂದ ಕೇಳಿದರು.

'ಏನಲೇ ತಮ್ಮಾ ಅದು?'

ಬಸವನಹುಳ ಅಂದೆ.

'ಏನ್ ತಿಂತಾವು?'

'ಸೊಪ್ಪು, ಪಾಚಿ, ಕೊಟ್ಟಿದ್ದೆಲ್ಲ ತಿಂತಾವಪ್ಪಾ.'

ಅಪ್ಪ ಒಮ್ಮೆ ಬಕೆಟ್ ನೋಡಿದರು, ಒಮ್ಮೆ ಸಸಿಮಡಿ ನೋಡಿದರು. 'ಕೊಟ್ಟಿದ್ದೆಲ್ಲ ತಿನ್ನೋದನ್ನ ಭತ್ತದ ನೀರಿಗೆ ಬಿಡ್ತೀಯೇನು? ಒಂದರಿಂದ ಎಷ್ಟಾಗ್ಯಾವು ಅಂದಿದ್ದೆ ನಿನ್ನೆ?'

118 ಎಂದು ಬಾಯಿಗೆ ಬಂತು, ಹೇಳಲಿಲ್ಲ. ಬಕೆಟ್ ನೆಟ್ಟಗೆ ಮಾಡಿದೆ. ಚೆಲ್ಲಿದ ನೀರಿನ ಜತೆ ಏನಾದರೂ ಹೋಗಿದೆಯೇ ಎಂದು ದಂಡೆಯ ಹುಲ್ಲಿನಲ್ಲೆಲ್ಲ ಹುಡುಕಿದೆ. ಎರಡು ಸಿಕ್ಕವು. ಮನೆಗೆ ಬಂದು ಎಣಿಸಿದೆ, ರೈಲು ಹತ್ತುವಾಗ ಇದ್ದಷ್ಟೇ ಇದ್ದವು. ಆಮೇಲೆ ಉಸಿರು ಬಂತು.

ಅವತ್ತು ಮಧ್ಯಾಹ್ನ ಓದಲು ಕುಳಿತೆ. ನಮ್ಮ ಬಂಗಾರಮ್ಮನ ಹತ್ತಿರದ ಬಂಧು 'ಗೋಲ್ಡನ್ ಆ್ಯಪಲ್ ಸ್ನೇಲ್'. ಅದೂ ದಕ್ಷಿಣ ಅಮೆರಿಕದ್ದೇ. 1980ರ ಆಸುಪಾಸಿನಲ್ಲಿ ಅದನ್ನು ತಿನ್ನಲೆಂದು ತೈವಾನ್‌ಗೆ ತಂದರು. ಸಾಕಿ ಮಾರಿದರೆ ಲಾಭ ಎಂದು ಫಿಲಿಪ್ಪೀನ್ಸ್, ಥಾಯ್ಲೆಂಡ್, ವಿಯೆಟ್ನಾಂಗಳಿಗೂ ಹೋಯಿತು. ಜನರಿಗೆ ರುಚಿ ಹಿಡಿಸಲಿಲ್ಲ, ಹುಳುಗಳು ಕಾಲುವೆ ಸೇರಿದವು. ಅಲ್ಲಿಂದ ಗದ್ದೆಗೆ ಇಳಿದು ಎಳೆಯ ಭತ್ತದ ಸಸಿಗಳನ್ನು ಬುಡದಲ್ಲೇ ಕತ್ತರಿಸಿ ತಿನ್ನತೊಡಗಿದವು. ಜಗತ್ತಿನ ಅತಿ ಕೆಟ್ಟ 100 ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಅದರ ಹೆಸರಿದೆ. ನಾವು ಸಾಕುವ ಜಾತಿ ಅಷ್ಟು ಹಾವಳಿಯದ್ದಲ್ಲ, ಜೀವಂತ ಗಿಡಕ್ಕಿಂತ ಕೊಳೆತ ಎಲೆಯೇ ಅದಕ್ಕೆ ಇಷ್ಟ. ಆದರೆ ಎಳೆಯದರಲ್ಲಿ ಎರಡೂ ಒಂದೇ ಥರ ಕಾಣುತ್ತವೆ. ಅಂಗಡಿಯ ತೊಟ್ಟಿಯಲ್ಲಿ ಯಾವುದು ಯಾವುದೆಂದು ಎದೆ ತಟ್ಟಿ ಹೇಳಲು ನನ್ನಂಥವನಿಗೆ ಆಗುವುದಿಲ್ಲ.

ಅಷ್ಟು ದೂರ ಯಾಕೆ, ಕೊಡಗಿಗೆ ಹೋಗಿ. ಮಳೆ ಶುರುವಾದರೆ ಶನಿವಾರಸಂತೆ ಕಡೆಯ ಕಾಫಿ ತೋಟಗಳಲ್ಲಿ ಆಫ್ರಿಕನ್ ದೈತ್ಯ ಬಸವನಹುಳುಗಳನ್ನು ಕೈಯಲ್ಲಿ ಆರಿಸಿ ಚೀಲ ತುಂಬುತ್ತಾರೆ. ಅವು ನೆಲದ ಮೇಲಿನ ಜಾತಿ, ಆದರೆ ನಮ್ಮ ದೇಶಕ್ಕೆ ಬಂದ ಬಗೆ ಕೇಳಿ. 1847ರಲ್ಲಿ ವಿಲಿಯಂ ಬೆನ್ಸನ್ ಎಂಬ ಚಿಪ್ಪುಜೀವಿಗಳ ಆಸಕ್ತ ಮಾರಿಷಸ್‌ನಿಂದ ಕೋಲ್ಕತ್ತಕ್ಕೆ ತಂದದ್ದು. ಅವರಿಗೂ ನನ್ನಂತೆಯೇ ಬಸವನಹುಳು ಎಂದರೆ ಪ್ರೀತಿ. ಅವರನ್ನು ಬೈಯಲು ನನಗೆ ಬಾಯಿ ಬರಲಿಲ್ಲ. ನಾಲೆಯ ದಂಡೆಯಲ್ಲಿ ಬಕೆಟ್ ಬಗ್ಗಿಸಿದ್ದವನು ನಾನು.

ಬಕೆಟ್ ಮತ್ತೆ ಬೆಂಗಳೂರಿಗೆ ಬಂತು. ಉಳಿದವನ್ನು ಅಕ್ವೇರಿಯಂ ಇರುವವರಿಗೆ ಒಂದೊಂದಾಗಿ ದಾಟಿಸಲು ಎರಡು ತಿಂಗಳು ಹಿಡಿಯಿತು. ಪ್ರತಿಯೊಬ್ಬರಿಗೂ ಕೈಗಿಡುವ ಮುಂಚೆ ಎರಡೇ ಮಾತು: ತಾಮ್ರವಿರುವ ಔಷಧಿ ಹಾಕಬೇಡಿ, ಬೇಡವಾದರೆ ನನಗೇ ವಾಪಸ್ ಕೊಡಿ. ಇಬ್ಬರು ನಿಜಕ್ಕೂ ವಾಪಸ್ ಕೊಟ್ಟರು, ತೆಗೆದುಕೊಂಡೆ.

ಈಗ ಹೊಸ ಗೊಂಚಲು ಕಂಡರೆ ಮರುದಿನವೇ ಗಾಜಿನಿಂದ ಮೆಲ್ಲಗೆ ಬಿಡಿಸಿ, ಡಬ್ಬಿಗೆ ಹಾಕಿ, ಎರಡು ದಿನ ಫ್ರೀಜರ್‌ನಲ್ಲಿಟ್ಟು ಆಮೇಲೆ ಕಸಕ್ಕೆ ಹಾಕುತ್ತೇನೆ. ಮರಿ ಬೆಳೆಯುವ ಮೊದಲೇ ಹೀಗೆ ಮಾಡುವುದು ಲೇಸು. ಫ್ರಿಜ್ ಇರುವುದು ಓನರ್ ಆಂಟಿಯ ಮನೆಯಲ್ಲಿ. ಡಬ್ಬಿಯಲ್ಲಿ ಏನೆಂದು ಅವರು ಕೇಳಿದಾಗ 'ಪ್ರಾಜೆಕ್ಟ್' ಅಂದಿದ್ದೇನೆ. ಸುಳ್ಳು ಅಂತೂ ಅಲ್ಲ. ಮೊದಲ ಸಲ ಡಬ್ಬಿ ಮುಚ್ಚುವಾಗ ಕೈ ತಡೆಯಿತು. 22 ದಿನ ಕಾದು ನೋಡಿದ್ದನ್ನೇ ಅಲ್ಲವೇ ಕೊಲ್ಲುತ್ತಿರುವುದು ಅನ್ನಿಸಿತು. ಈಗಲೂ ಅನ್ನಿಸುತ್ತದೆ. ಸಾಕುವುದು ಎಂದರೆ ಎಷ್ಟು ಹುಟ್ಟಬೇಕು ಎಂಬುದಕ್ಕೂ ನಾವೇ ಹೊಣೆ ಎಂದು ಸಮಾಧಾನ ಮಾಡಿಕೊಳ್ಳುತ್ತೇನೆ.

ಬಂಗಾರಮ್ಮ ಹೋದ ತಿಂಗಳು ತೀರಿಕೊಂಡಳು. ವಯಸ್ಸಾಗಿತ್ತು, ಇವು ಬದುಕುವುದೇ ಒಂದೆರಡು ವರ್ಷ. ಅಲುಗಾಡದೆ ತೇಲುವ ಹುಳು ಸತ್ತಿದೆ ಎಂದುಕೊಳ್ಳಬಾರದು, ಒಳಗೆ ಗಾಳಿ ಸೇರಿದರೂ ತೇಲುತ್ತದೆ. ಹೊರತೆಗೆದು ಮೂಸಿ ನೋಡಿದರೆ ಗೊತ್ತಾಗುತ್ತದೆ. ಮೂಸಿದೆ, ಗೊತ್ತಾಯಿತು. ಅವಳ ಚಿಪ್ಪು ತೊಳೆದು ಟೇಬಲ್ ಮೇಲೆ ಇಟ್ಟುಕೊಂಡಿದ್ದೇನೆ. ತೊಟ್ಟಿಯಲ್ಲಿ ಈಗ ಅವಳ ಮೂರು ಮರಿಗಳಿವೆ.

ಅಪ್ಪ ಫೋನ್ ಮಾಡಿದಾಗ ಮೊದಲು ಓದಿನ ವಿಚಾರ ಕೇಳುತ್ತಾರೆ, ಆಮೇಲೆ ಊಟದ್ದು. ಕೊನೆಗೆ ಇಡುವ ಮೊದಲು ಒಂದು ಮಾತು: 'ಆ ನಿನ್ನ ಹುಳ ಎಷ್ಟದಾವಲೇ ಈಗ?'

'ಮೂರೇ ಅಪ್ಪಾ.'

'ಹಂಗಾದ್ರೆ ಸರಿ' ಎಂದು ಇಟ್ಟುಬಿಡುತ್ತಾರೆ.